‘ಸೆಟ್’ ಅನ್ನು ಕೂಡ್ರಿಸುವುದು ಹೇಗೆ

ಧಾರವಾಡದ ಸಪ್ತಾಪುರದಲ್ಲಿ ಇಂಗ್ಲಿಷ್ ಹೇಳಿಕೊಡುವುದು ನನ್ನ ಕಸುಬು. ಪಿಎಸ್‌ಐ, ಪಿಡಿಒ, ಎಫ್‌ಡಿಎ, ಬ್ಯಾಂಕು ಎಂದು ರೋಣ, ಮುಂಡರಗಿ, ಬ್ಯಾಡಗಿ, ಹಾನಗಲ್ಲಿನಿಂದ ಬಂದು ಪಿಜಿಗಳಲ್ಲಿ ಉಳಿದುಕೊಂಡಿರುವ ಹುಡುಗ ಹುಡುಗಿಯರು ನನ್ನ ವಿದ್ಯಾರ್ಥಿಗಳು. ಅವರ ಚೀಲದಲ್ಲಿ ಒಂದು ವಸ್ತು ಇದ್ದೇ ಇರುತ್ತದೆ. ಎಡಕ್ಕೆ ಇಂಗ್ಲಿಷ್ ಪದ, ಬಲಕ್ಕೆ ಅದರ ಕನ್ನಡ ಅರ್ಥ ಇರುವ, ಝೆರಾಕ್ಸ್ ಅಂಗಡಿಯಲ್ಲಿ ಸ್ಪೈರಲ್ ಹಾಕಿಸಿದ ಪಟ್ಟಿ ಅದು. ‘ಥರ್ಮಾಮೀಟರ್’ ಎಂಬ ಪದಕ್ಕೆ ಇಂಥ ಪಟ್ಟಿ ಸಾಕು. ಅದಕ್ಕಿರುವುದು ಒಂದೇ ಕೆಲಸ. ಆದರೆ ಅದೇ ಪಟ್ಟಿ ‘ಸೆಟ್’ ಎಂಬ ಪದದ ಎದುರಿಗೂ ‘ಗುಂಪು’ ಎಂದು ಬರೆದು ಮುಂದಿನ ಪದಕ್ಕೆ ಹೋಗಿಬಿಡುತ್ತದೆ. ಪರೀಕ್ಷೆಯ ಗದ್ಯಭಾಗದಲ್ಲಿ ಹೈಕೋರ್ಟ್ ಒಂದು ಆದೇಶವನ್ನು ‘ಸೆಟ್ ಅಸೈಡ್’ ಮಾಡಿರುತ್ತದೆ, ಹುಡುಗ ಅಲ್ಲಿ ಗುಂಪನ್ನು ಹುಡುಕುತ್ತ ಕೂತಿರುತ್ತಾನೆ.

1989ರಲ್ಲಿ 20 ಸಂಪುಟಗಳಲ್ಲಿ ಬಂದ ಆಕ್ಸ್‌ಫರ್ಡ್ ಇಂಗ್ಲಿಷ್ ನಿಘಂಟಿನ ಎರಡನೆಯ ಆವೃತ್ತಿಯಲ್ಲಿ ಅತಿ ಉದ್ದದ ನಮೂದು ಈ ಮೂರಕ್ಷರದ ಕ್ರಿಯಾಪದದ್ದೇ. ಬರಿಯ ಕ್ರಿಯಾಪದಕ್ಕೇ 430 ಅರ್ಥಗಳು, ಎಲ್ಲವನ್ನೂ ಬಿಡಿಸಿ ಹೇಳಲು ಸುಮಾರು 60,000 ಪದಗಳು ಹಿಡಿದವು. ಇದನ್ನು ಕೇಳಿದ ಕೂಡಲೇ ಮಕ್ಕಳ ಮುಖ ಬಾಡುತ್ತದೆ. ಬಾಡಬೇಕಿಲ್ಲ. 430ನ್ನು ಬಾಯಿಪಾಠ ಮಾಡಿದವರು ಇಂಗ್ಲೆಂಡಿನಲ್ಲೂ ಇರಲಾರರು. ನಮಗೆ ಬೇಕಾದದ್ದು ನಾಲ್ಕೈದು ಕನ್ನಡ ಕ್ರಿಯಾಪದಗಳು, ಅದರಲ್ಲೂ ನಮ್ಮ ಕಡೆಯವರ ಬಾಯಲ್ಲಿ ದಿನವೂ ಆಡುವಂಥವು.

ಮೊದಲು ಧೈರ್ಯಕ್ಕೆ ನಮ್ಮದೇ ಒಂದು ಪದ ತೆಗೆದುಕೊಳ್ಳಿ: ಹತ್ತು. ಗುಡ್ಡ ಹತ್ತುತ್ತೇವೆ, ಬಸ್ಸು ಹತ್ತುತ್ತೇವೆ. ದೀಪ ಹತ್ತುತ್ತದೆ, ನಿದ್ದೆ ಹತ್ತುತ್ತದೆ, ಕಳೆದ ಎಮ್ಮೆಯ ಪತ್ತೆ ಹತ್ತುತ್ತದೆ. ಕೂಸು ಅಳಲು ಹತ್ತುತ್ತದೆ. ಮದುವೆಗೆ ಎಷ್ಟು ಖರ್ಚು ಹತ್ತಿತು ಎಂದು ಬೀಗರು ಕೇಳುತ್ತಾರೆ. ಹುಬ್ಬಳ್ಳಿ ಪೇಟೆಗೆ ಹೋಗಿ ಬಂದ ರೈತ ‘ಹತ್ತರ ಬಸ್ಸು ಹತ್ತಿ ಹೋಗಿ ಹತ್ತಿ ಮಾರಿ ಬಂದೆ’ ಎಂದರೆ ಮನೆಯವರು ಯಾರೂ ನಿಘಂಟು ತೆರೆಯುವುದಿಲ್ಲ. ಏಕೆ? ಪಕ್ಕದಲ್ಲಿ ಕೂತ ಪದ ಅರ್ಥವನ್ನು ಹೇಳಿಬಿಡುತ್ತದೆ. ಬಸ್ಸು ಪಕ್ಕದಲ್ಲಿದ್ದರೆ ಏರುವುದು, ನಿದ್ದೆ ಪಕ್ಕದಲ್ಲಿದ್ದರೆ ಆವರಿಸುವುದು. ಇನ್ನೊಂದು ಸಂಗತಿಯನ್ನೂ ಗಮನಿಸಿ. ಎಣಿಕೆಯ ಹತ್ತು, ಏರುವ ಹತ್ತು, ಅರಳೆಯ ಹತ್ತಿ ಇವು ಒಂದೇ ಪದದ ಬೇರೆ ಬೇರೆ ಅರ್ಥಗಳಲ್ಲ, ದನಿ ಕೂಡಿಬಂದ ಬೇರೆ ಬೇರೆ ಪದಗಳು. ‘ಸೆಟ್’ನಲ್ಲೂ ಇಂಥದ್ದೇ ಒಂದು ಕತೆ ಇದೆ.

ಆ ಕತೆಗೆ ಹೋಗುವ ಮುಂಚೆ ಒಂದು ಹಾಳೆ ತೆಗೆದುಕೊಂಡು ನಿಮಗೆ ಈಗಾಗಲೇ ಗೊತ್ತಿರುವ ಸೆಟ್‌ಗಳನ್ನೆಲ್ಲ ಬರೆಯಿರಿ. ಇಂಗ್ಲಿಷ್ ಪುಸ್ತಕ ಮುಟ್ಟಬೇಡಿ. ಮನೆ, ಹೊಲ, ಓಣಿ ಸಾಕು. ನನ್ನ ತರಗತಿಯಲ್ಲಿ ಬರುವ ಉತ್ತರಗಳು ಹೀಗಿರುತ್ತವೆ: ಪಂಪ್‌ಸೆಟ್, ಸೆಟ್ ದೋಸೆ, ಸರ ಮತ್ತು ಕಿವಿಯೋಲೆಯ ಸೆಟ್, ಮದುವೆಯಲ್ಲಿ ಮುಯ್ಯಿ ಬಂದ ಸ್ಟೀಲ್ ಡಬ್ಬಿಗಳ ಸೆಟ್, ನಾಟಕದ ಸೆಟ್, ವಾಲಿಬಾಲ್ ಸೆಟ್, ಮೊಬೈಲ್ ಸೆಟ್ಟಿಂಗ್, ‘ಸ್ಲ್ಯಾಬಿನ ಸಿಮೆಂಟ್ ಇನ್ನೂ ಸೆಟ್ ಆಗಿಲ್ಲ’, ‘ಹೊಸ ಸೊಸೆ ಮನೆಗೆ ಸೆಟ್ ಆದಳು’. ಯಾರಾದರೊಬ್ಬರು ಕೆ-ಸೆಟ್ ಎನ್ನುತ್ತಾರೆ. ಅದು ಅಧ್ಯಾಪಕ ಹುದ್ದೆಯ ಅರ್ಹತಾ ಪರೀಕ್ಷೆಯ ಸಂಕ್ಷೇಪ, ನಮ್ಮ ಲೆಕ್ಕಕ್ಕಿಲ್ಲ, ಹೊಡೆದುಹಾಕಿ.

ಈಗ ಹಾಳೆಯ ನಡುವೆ ಗೆರೆ ಎಳೆಯಿರಿ. ಹಲವು ವಸ್ತುಗಳು ಒಟ್ಟಿಗಿರುವ ಸೆಟ್‌ಗಳು ಒಂದು ಕಡೆ. ಪಂಪ್‌ಸೆಟ್ ಎಂದರೆ ಮೋಟಾರು ಮತ್ತು ಪಂಪು ಒಂದಕ್ಕೊಂದು ಜೋಡಿಯಾಗಿರುವುದು. ವಿದ್ಯುತ್ ಕಚೇರಿಯ ಕಾಗದಗಳಲ್ಲಿ ಬರುವ ‘ಐ.ಪಿ. ಸೆಟ್’ ಕೂಡ ಇದೇ, ನೀರಾವರಿ ಪಂಪ್‌ಸೆಟ್. ಸೆಟ್ ದೋಸೆ ಒಂಟಿಯಾಗಿ ಬರುವುದಿಲ್ಲ. ಇನ್ನೊಂದು ಕಡೆಗೆ ಯಾವುದೋ ಒಂದು ತನ್ನ ಜಾಗದಲ್ಲಿ ನೆಲೆಯಾಗುವ, ಅಥವಾ ಯಾರೋ ಅದನ್ನು ನೆಲೆಗೊಳಿಸುವ ಸೆಟ್‌ಗಳು: ಸಿಮೆಂಟು, ಸೊಸೆ, ಮೊಬೈಲ್ ಸೆಟ್ಟಿಂಗ್.

ಈ ಎರಡು ಗುಂಪುಗಳ ಮೂಲವೂ ಹೆಚ್ಚುಕಡಿಮೆ ಬೇರೆ ಬೇರೆ. ‘ಗುಂಪು’ ಎಂಬ ಅರ್ಥದ ನಾಮಪದ ಹಳೆಯ ಫ್ರೆಂಚಿನ ಮೂಲಕ ಲ್ಯಾಟಿನ್ನಿನ ‘ಸೆಕ್ಟಾ’ದಿಂದ ಬಂದದ್ದು; ಒಬ್ಬರ ಹಿಂದೆ ನಡೆಯುವವರು, ಅನುಯಾಯಿಗಳು ಎಂದು ಅದರ ಅರ್ಥ. ಪಂಥ ಎನ್ನುವುದಕ್ಕಿರುವ ‘ಸೆಕ್ಟ್’ ಎಂಬ ಇಂಗ್ಲಿಷ್ ಪದವೂ ಅಲ್ಲಿಂದಲೇ ಬಂತು. ಕ್ರಿಯಾಪದ ಮಾತ್ರ ಇಂಗ್ಲಿಷಿನ ಸ್ವಂತ ಮಗಳು. ಹಳೆಯ ಇಂಗ್ಲಿಷಿನಲ್ಲಿ ‘ಸಿಟ್ಟನ್’ ಎಂದರೆ ಕೂಡುವುದು, ‘ಸೆಟ್ಟನ್’ ಎಂದರೆ ಕೂಡ್ರಿಸುವುದು. ಶತಮಾನಗಳ ಒಡನಾಟದಲ್ಲಿ ಆ ನಾಮಪದ, ಈ ಕ್ರಿಯಾಪದ ಎರಡೂ ಒಂದರ ಮೇಲೊಂದು ಪ್ರಭಾವ ಬೀರಿ ಈಗ ಒಂದೇ ಪದದಂತೆ ಕಾಣುತ್ತವೆ.

ಕೂಡ್ರಿಸುವುದು ಎಂಬ ಈ ಒಂದು ಪದವನ್ನು ಗಟ್ಟಿಯಾಗಿ ಹಿಡಿದುಕೊಳ್ಳಿ. ಮೈಸೂರು ಕಡೆಯ ಓದುಗರಿಗೆ ‘ಕೂರಿಸು’ ಎಂದರೆ ಸಾಕು, ಆದರೆ ನಮ್ಮ ಪದ ಇಲ್ಲಿ ಹೆಚ್ಚು ಲಾಭದ್ದು. ನಮ್ಮಲ್ಲಿ ‘ಕೂಡು’ ಎಂದರೆ ಆಸನದ ಮೇಲೆ ಕುಳಿತುಕೊಳ್ಳುವುದೂ ಹೌದು, ನಾಲ್ಕು ಜನ ಸೇರುವುದೂ ಹೌದು. ‘ಸೆಟ್’ನ ಎರಡು ಮನೆಗಳೂ ಈ ಒಂದು ಕನ್ನಡ ಪದದೊಳಗೆ ಇವೆ. ಇಂಗ್ಲಿಷ್ ಬರೆದವರು ಧಾರವಾಡಕ್ಕೆ ಬಂದು ಕಲಿತು ಹೋದರೋ ಎಂದು ನಾನು ತರಗತಿಯಲ್ಲಿ ಚೇಷ್ಟೆ ಮಾಡುವುದುಂಟು. ಭಾದ್ರಪದದಲ್ಲಿ ಓಣಿ ಓಣಿಗೆ ಗಣಪತಿ ಕೂಡ್ರಿಸುತ್ತೇವಲ್ಲ, ಅದು ‘ಸೆಟ್’ನ ಅತಿ ಹಳೆಯ, ಅತಿ ಶುದ್ಧ ಅರ್ಥ: ತಂದು, ಅದರ ಜಾಗದಲ್ಲಿ, ಅಲುಗದಂತೆ ಇಡುವುದು. ಗಣಿತದ ಪುಸ್ತಕದಲ್ಲಿ ‘ಸೆಟ್’ಗೆ ಕನ್ನಡ ಏನು? ಗಣ. ಉಪಗಣ, ಶೂನ್ಯಗಣ ಎಲ್ಲ ಹತ್ತನೆಯ ತರಗತಿಯ ಆಸುಪಾಸಿನಲ್ಲಿ ಓದಿದ್ದೀರಿ. ಅಲ್ಲಿಗೆ ‘ಗಣಪತಿ ಕೂಡ್ರಿಸು’ ಎಂಬ ಎರಡೇ ಪದಗಳ ಮಾತಿನಲ್ಲಿ ಎರಡು ಬಗೆಯ ಸೆಟ್ ಕೂತಿವೆ. ಮರೆಯಲು ಪ್ರಯತ್ನಿಸಿ ನೋಡಿ, ಆಗುವುದಿಲ್ಲ.

ಈ ಜೋಡಿಯಿಂದ ಇನ್ನೊಂದು ಲಾಭವಿದೆ, ಪರೀಕ್ಷೆಗೆ ಕೂಡುವವರು ಇಲ್ಲಿ ಸ್ವಲ್ಪ ನಿಲ್ಲಬೇಕು. ಕನ್ನಡದಲ್ಲಿ ‘ಇಸು’ ಸೇರಿಸಿದರೆ ತಾನು ಮಾಡುವ ಕೆಲಸ ಇನ್ನೊಬ್ಬರಿಂದ ಮಾಡಿಸುವ ಕೆಲಸವಾಗುತ್ತದೆ: ಮಲಗು, ಮಲಗಿಸು, ಬೀಳು, ಬೀಳಿಸು, ಕುಡಿ, ಕುಡಿಸು. ಇಂಗ್ಲಿಷಿನಲ್ಲಿ ಒಂದು ಕಾಲಕ್ಕೆ ಇಂಥದ್ದೇ ವ್ಯವಸ್ಥೆ ಇತ್ತು. ಒಳಗಿನ ಸ್ವರ ಬದಲಾಗುತ್ತಿತ್ತು. ಅದರ ಪಳೆಯುಳಿಕೆಗಳು ಇಂದಿಗೂ ಇವೆ. ‘ಸಿಟ್’ಗೆ ‘ಸೆಟ್’ ಇದ್ದಂತೆ ಮಲಗುವ ‘ಲೈ’ಗೆ ಮಲಗಿಸುವ ‘ಲೇ’, ಏಳುವ ‘ರೈಸ್’ಗೆ ಎಬ್ಬಿಸುವ ‘ರೇಸ್’, ‘ಫಾಲ್’ಗೆ ‘ಫೆಲ್’. ಕೊನೆಯದು ಮರ ಕಡಿದು ಬೀಳಿಸುವುದಕ್ಕೆ. ‘ಡ್ರಿಂಕ್’ಗೆ ‘ಡ್ರೆಂಚ್’ ಕೂಡ ಹಾಗೆಯೇ ಹುಟ್ಟಿದ್ದು, ಈಗ ಪೂರ್ತಿ ತೋಯಿಸುವುದಕ್ಕೆ ಬಳಕೆಯಾಗುತ್ತದೆ. ‘ಲೈ’ ಮತ್ತು ‘ಲೇ’ಯಲ್ಲಿ ಸರಿಯಾದದ್ದನ್ನು ಆರಿಸಿ ಎಂಬ ಪ್ರಶ್ನೆಯ ಮುಂದೆ ಹೆಬ್ಬೆರಳು ಕಚ್ಚುವವರು ಖಾಲಿ ಜಾಗದಲ್ಲಿ ಮೊದಲು ಮಲಗು, ಮಲಗಿಸು ಎಂದು ಎರಡನ್ನೂ ಹಾಕಿ ನೋಡಿ. ಕನ್ನಡ ಕಿವಿ ಉತ್ತರ ಕೊಡುತ್ತದೆ.

ಇನ್ನು ಕ್ರಿಯಾಪದದ ಕೆಲಸ. ‘ಸೆಟ್’ ಕಂಡೊಡನೆ ಅದನ್ನು ಬಿಟ್ಟು ಅದರ ಮುಂದಿನ ಕರ್ಮಪದಕ್ಕೆ ಜಿಗಿಯಿರಿ. ಏನನ್ನು ಸೆಟ್ ಮಾಡಿದರು? ಉಂಗುರಕ್ಕೆ ಹರಳನ್ನು ಎಂದಿದ್ದರೆ ಪತ್ತಾರರ ಅಂಗಡಿಯ ಮಾತೇ ಸಿದ್ಧವಿದೆ, ಹರಳು ಕೂಡ್ರಿಸಿದರು. ಮುರಿದ ಎಲುಬನ್ನು ಎಂದಿದ್ದರೂ ಕೂಡ್ರಿಸುವುದೇ. ಅಚ್ಚಿನ ಮೊಳೆಗಳನ್ನು ಎಂದಿದ್ದರೆ ಜೋಡಿಸುವುದು. ನಮ್ಮ ಅಪ್ಪ ಗದಗಿನ ಒಂದು ಮುದ್ರಣಾಲಯದಲ್ಲಿ ಮೊಳೆ ಜೋಡಿಸುತ್ತಿದ್ದರು, ಒಂದೊಂದೇ ಅಕ್ಷರ, ಅದಕ್ಕೊಂದು ಒತ್ತು, ಅದಕ್ಕೊಂದು ಕೊಂಬು, ಎಲ್ಲ ತಿರುಗುಮುರುಗು. ಅದನ್ನೇ ಇಂಗ್ಲಿಷಿನವರು ಟೈಪ್ ಸೆಟ್ ಮಾಡುವುದು ಎಂದರು. ವಚನಕ್ಕೆ ಸಂಗೀತವನ್ನು ಸೆಟ್ ಮಾಡಿದರೆ ರಾಗ ಕೂಡಿಸಿದರು, ರಾಗ ಸಂಯೋಜನೆ ಮಾಡಿದರು. ಗದಗಿನ ವೀರೇಶ್ವರ ಪುಣ್ಯಾಶ್ರಮದ ದಾರಿಯಲ್ಲಿ ಬೆಳೆದವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ.

ಕರ್ಮಪದ ಕಣ್ಣಿಗೆ ಕಾಣದ ವಸ್ತುವಾದಾಗ ಕೂಡ್ರಿಸುವುದು ಸ್ವಲ್ಪ ಮೊಂಡಾಗುತ್ತದೆ. ಆಗ ಗೊತ್ತುಪಡಿಸು, ಹಾಕು, ಇಡು ಇವುಗಳನ್ನು ಕರೆಯಿರಿ. ದಿನಾಂಕ, ದರ, ಗಡುವು, ಗುರಿ ಇವುಗಳನ್ನು ಗೊತ್ತುಪಡಿಸುತ್ತಾರೆ. ಬಲೆ ಒಡ್ಡುತ್ತಾರೆ, ಇಲಿಗೆ ಬೋನು ಇಡುತ್ತಾರೆ. ಪ್ರಶ್ನೆಪತ್ರಿಕೆಯನ್ನು ನಮ್ಮ ಕಡೆ ಅಧ್ಯಾಪಕರು ತೆಗೆಯುತ್ತಾರೆ, ಇಂಗ್ಲಿಷಿನಲ್ಲಿ ಅದೇ ಕೆಲಸ ಸೆಟ್ ಮಾಡುವುದು. ಮಾದರಿಯನ್ನು ಸೆಟ್ ಮಾಡುವುದಕ್ಕೆ ಕನ್ನಡದಲ್ಲಿ ಎಷ್ಟು ಚೆಂದದ ಮಾತಿದೆ ನೋಡಿ: ಮೇಲ್ಪಂಕ್ತಿ ಹಾಕಿಕೊಡುವುದು. ಕಾಪಿ ಪುಸ್ತಕದ ಮೇಲಿನ ಸಾಲನ್ನು ಮಾಸ್ತರರು ಬರೆದುಕೊಡುತ್ತಿದ್ದರು, ಹುಡುಗರು ಕೆಳಗೆ ತಿದ್ದುತ್ತಿದ್ದರು. ‘ಉದಾಹರಣೆಯನ್ನು ಸ್ಥಾಪಿಸಿದರು’ ಎಂದು ಅನುವಾದದಲ್ಲಿ ಬರೆದವರಿಗೆ ನಾನು ಅರ್ಧ ಅಂಕ ಕಡಿತ ಮಾಡುತ್ತೇನೆ. ಅರ್ಥ ತಪ್ಪಲ್ಲ, ಆದರೆ ಕಿವಿ ಸತ್ತಿದೆ.

ಬೆಂಕಿ ಬಂದಾಗ ಪದ ಬದಲಾಗುತ್ತದೆ, ಆದರೆ ತತ್ವ ಬದಲಾಗುವುದಿಲ್ಲ. ಬಣವೆಗೆ ಬೆಂಕಿಯನ್ನು ಸೆಟ್ ಮಾಡಿದರು ಎಂದರೆ ಬೆಂಕಿ ಹಚ್ಚಿದರು. ಮೇಲೆ ನೋಡಿದ ‘ಹತ್ತು’ವನ್ನು ಪಕ್ಕದಲ್ಲಿಟ್ಟುಕೊಳ್ಳಿ. ದೀಪ ತಾನಾಗಿ ಹತ್ತಿತು, ಅವ್ವ ದೀಪ ಹಚ್ಚಿದಳು. ಅವನು ಕೆಲಸಕ್ಕೆ ಹತ್ತಿದ, ಗೌಡರು ಅವನನ್ನು ಕೆಲಸಕ್ಕೆ ಹಚ್ಚಿದರು. ಸಿಟ್ ಮತ್ತು ಸೆಟ್ ನಡುವೆ ಇರುವ ಸಂಬಂಧವೇ ಹತ್ತು ಮತ್ತು ಹಚ್ಚು ನಡುವೆಯೂ ಇದೆ. ಒಬ್ಬನನ್ನು ಕೆಲಸಕ್ಕೆ ‘ಸೆಟ್’ ಮಾಡಿದರು ಎಂಬ ಇಂಗ್ಲಿಷ್ ವಾಕ್ಯಕ್ಕೆ ‘ಹಚ್ಚಿದರು’ ಎನ್ನುವುದಕ್ಕಿಂತ ಸರಿಯಾದ ಕನ್ನಡ ನನಗೆ ಎಲ್ಲೂ ಸಿಕ್ಕಿಲ್ಲ. ಬೆಂಗಳೂರಿನಲ್ಲಿ ಮುದ್ರಣವಾದ ಮಾರ್ಗದರ್ಶಿಗಳಲ್ಲಿ ‘ತೊಡಗಿಸಿದರು’ ಎಂದಿರುತ್ತದೆ. ಅದೂ ಸರಿ, ಸ್ವಲ್ಪ ಸಪ್ಪೆ.

ಕರ್ಮಪದವೇ ಇಲ್ಲದಿದ್ದರೆ? ಸೂರ್ಯ ಸೆಟ್ ಆದ, ಸಿಮೆಂಟ್ ಸೆಟ್ ಆಯಿತು, ಹಾಲು ಮೊಸರಾಗಿ ಸೆಟ್ ಆಯಿತು, ಹೂವು ಕಾಯಾಗಿ ಸೆಟ್ ಆಯಿತು. ಇಲ್ಲಿ ಯಾರೂ ಯಾರನ್ನೂ ಕೂಡ್ರಿಸುತ್ತಿಲ್ಲ, ವಸ್ತು ತಾನೇ ಕೂಡುತ್ತದೆ. ಹೊತ್ತು ಮುಳುಗುವುದನ್ನು ಅವರು ಸೂರ್ಯ ಕೂತ ಎಂಬಂತೆ ಹೇಳಿದರು. ದ್ರವ ಗಟ್ಟಿಯಾಗುವುದೂ ಹೀಗೆಯೇ, ಅಲ್ಲಾಡುತ್ತಿದ್ದದ್ದು ಕೂತಿತು. ಮೊಸರಿಗೆ ಹೆಪ್ಪುಗಟ್ಟು, ಗಿಡಕ್ಕೆ ಕಾಯಿ ಕಟ್ಟು ಅಥವಾ ಕಾಯಿ ಹಿಡಿ. ಕೃಷಿ ವಿಶ್ವವಿದ್ಯಾಲಯದವರ ‘ಫ್ರೂಟ್ ಸೆಟ್’ ಎಂಬುದು ಧಾರವಾಡದ ಆಪೂಸು ಬೆಳೆಗಾರರ ಬಾಯಲ್ಲಿ ಇಷ್ಟೇ: ಈ ವರ್ಷ ಕಾಯಿ ಹಿಡಿದಿದೆಯೋ ಇಲ್ಲವೋ. ಸಿಮೆಂಟಿನ ವಿಷಯದಲ್ಲಿ ಜೂನಿಯರ್ ಎಂಜಿನಿಯರ್ ಪರೀಕ್ಷೆ ಬರೆಯುವವರು ಎಚ್ಚರವಿರಬೇಕು. ಅಲ್ಲಿ ‘ಸೆಟ್’ ಆಗುವುದೇ ಬೇರೆ, ಬಲ ಬರುವುದೇ ಬೇರೆ. ಕಲಸಿದ ಸಿಮೆಂಟು ತನ್ನ ಮೆದುತನ ಕಳೆದುಕೊಳ್ಳುವುದಷ್ಟೇ ಸೆಟ್ಟಿಂಗ್. ಭಾರತೀಯ ಮಾನಕದ ಪ್ರಕಾರ ಸಾಮಾನ್ಯ ಪೋರ್ಟ್‌ಲ್ಯಾಂಡ್ ಸಿಮೆಂಟಿಗೆ ಅದರ ಆರಂಭ 30 ನಿಮಿಷಕ್ಕಿಂತ ಮುಂಚೆ ಆಗಬಾರದು, ಅಂತ್ಯ 600 ನಿಮಿಷ ಮೀರಬಾರದು. ಗಟ್ಟಿತನ ಅದರ ನಂತರದ ಕತೆ, 28 ದಿನಗಳ ಬಲವನ್ನು ಬೇರೆಯಾಗಿಯೇ ಪರೀಕ್ಷಿಸುತ್ತಾರೆ. ಎರಡಕ್ಕೂ ‘ಗಟ್ಟಿಯಾಗುವುದು’ ಎಂದು ಬರೆದರೆ ಮೌಲ್ಯಮಾಪಕರು ಬಿಡುವುದಿಲ್ಲ.

ಈಗ ಬಾಲಗಳು. ಅಪ್, ಇನ್, ಆಫ್, ಔಟ್, ಅಸೈಡ್, ಬ್ಯಾಕ್ ಎಂಬ ಪುಟ್ಟ ಪದಗಳು ಹಿಂದೆ ಅಂಟಿಕೊಂಡಾಗ ‘ಸೆಟ್’ನ ಅರ್ಥಕ್ಕಿಂತ ಬಾಲದ ಅರ್ಥವೇ ಮುಂದಾಗುತ್ತದೆ. ಎಲ್ಲವನ್ನೂ ಇಲ್ಲಿ ಹೇಳುವುದಿಲ್ಲ. ‘ಸೆಟ್ ಅಪ್’ ಎಂದರೆ ಸ್ಥಾಪಿಸು, ‘ಸೆಟ್ ಔಟ್’ ಎಂದರೆ ಹೊರಡು, ಇವು ಯಾರಿಗೂ ಕಷ್ಟವಲ್ಲ. ಮೂರರ ಮೇಲೆ ಮಾತ್ರ ಕಾಲ ಕಳೆಯೋಣ.

‘ಸೆಟ್ ಇನ್’ ನನಗೆ ಅತಿ ಪ್ರಿಯವಾದದ್ದು. ಪಟ್ಟಿಗಳಲ್ಲಿ ಅದಕ್ಕೆ ‘ಆರಂಭವಾಗು’ ಎಂದಿರುತ್ತದೆ. ಹಾಗಾದರೆ ‘ಶಾಲೆ ಸೆಟ್ ಇನ್ ಆಯಿತು’, ‘ಮದುವೆ ಸೆಟ್ ಇನ್ ಆಯಿತು’ ಎನ್ನಬಹುದೇ? ಇಲ್ಲ. ಬ್ರಿಟನ್ನಿನ ಭಾಷಾವಿಜ್ಞಾನಿ ಜಾನ್ ಸಿಂಕ್ಲೇರ್ ನಿಜವಾದ ಬಳಕೆಯ ವಾಕ್ಯಗಳನ್ನು ಕಂಪ್ಯೂಟರಿನಲ್ಲಿ ಒಟ್ಟುಹಾಕಿ ನೋಡಿದಾಗ ಈ ಪದಜೋಡಿಯ ಹತ್ತಿರ ಸೇರುವುದು ಬಹುಪಾಲು ಕೆಟ್ಟ ಸಂಗತಿಗಳೇ ಎಂದು ಕಂಡುಕೊಂಡರು: ಕೊಳೆಯುವುದು, ಸೋಂಕು, ನಿರಾಶೆ ಇಂಥವು. 1991ರಲ್ಲಿ ಬಂದ ಅವರ ಪುಸ್ತಕದಲ್ಲಿ ಇದರ ಚರ್ಚೆ ಇದೆ. ನಮಗೆ ಕಂಪ್ಯೂಟರ್ ಬೇಡ, ‘ಹಿಡಿ’ ಸಾಕು. ತುಕ್ಕು ಹಿಡಿಯಿತು, ಬೂಷ್ಟು ಹಿಡಿಯಿತು, ಹುಳ ಹಿಡಿಯಿತು, ಜ್ವರ ಹಿಡಿಯಿತು, ಗ್ರಹಣ ಹಿಡಿಯಿತು. ಮಳೆಯೂ ಹಿಡಿಯುತ್ತದೆ, ಇಂಗ್ಲಿಷಿನ ಮಾನ್ಸೂನ್ ಕೂಡ ‘ಸೆಟ್ ಇನ್’ ಆಗುತ್ತದೆ. ಬಂದು, ಒಳಗೆ ಕೂತು, ಬೇಗ ಬಿಟ್ಟುಹೋಗದ ಯಾವುದೇ ಆಗಲಿ ‘ಸೆಟ್ ಇನ್’. ಆದ್ದರಿಂದ ನಿಮ್ಮ ಪ್ರಬಂಧದಲ್ಲಿ ಸಂತೋಷವನ್ನೋ ಹಬ್ಬವನ್ನೋ ‘ಸೆಟ್ ಇನ್’ ಮಾಡಿಸಬೇಡಿ. ಸಂತೋಷ ಹಿಡಿಯಿತು ಎಂದು ನಾವೂ ಹೇಳುವುದಿಲ್ಲ.

‘ಸೆಟ್ ಅಸೈಡ್’ ಧಾರವಾಡದವರಿಗೆ ಬೇಕೇ ಬೇಕು, ಏಕೆಂದರೆ ಊರಲ್ಲಿ ಹೈಕೋರ್ಟ್ ಪೀಠವಿದೆ. 2008ರಲ್ಲಿ ಸಂಚಾರಿ ಪೀಠವಾಗಿ ಬಂದು 2013ರಲ್ಲಿ ಕಾಯಂ ಆದದ್ದು. ಬಾಡಿಗೆ ಮನೆಯ ಪಕ್ಕದಲ್ಲೊಬ್ಬ ವಕೀಲರಿದ್ದರೆ ಈ ಮಾತು ಸಂಜೆಯ ಚಹಾದೊಂದಿಗೆ ಕೇಳಿಸುತ್ತದೆ. ಸಂಬಳದಲ್ಲಿ ಒಂದಿಷ್ಟು ಹಣವನ್ನು ಸೆಟ್ ಅಸೈಡ್ ಮಾಡಿದರೆ ತೆಗೆದಿಟ್ಟರು, ಅಂದರೆ ಹಣ ಉಳಿಯಿತು. ಕೆಳಗಿನ ನ್ಯಾಯಾಲಯದ ಆದೇಶವನ್ನು ಸೆಟ್ ಅಸೈಡ್ ಮಾಡಿದರೆ ರದ್ದುಪಡಿಸಿದರು, ಅಂದರೆ ಆದೇಶ ಹೋಯಿತು. ಒಂದೇ ಪದ ಒಂದನ್ನು ಕಾಪಾಡುತ್ತದೆ, ಇನ್ನೊಂದನ್ನು ಕೊಲ್ಲುತ್ತದೆ. ‘ನ್ಯಾಯಾಲಯ ಆದೇಶವನ್ನು ಪಕ್ಕಕ್ಕಿಟ್ಟಿತು’ ಎಂಬ ಅನುವಾದ ಓದಿದವರು ನಾಳೆ ಮತ್ತೆ ಕೈಗೆತ್ತಿಕೊಳ್ಳುತ್ತಾರೇನೋ ಎಂದು ಕಾಯುತ್ತಾರೆ.

‘ಸೆಟ್ ಆಫ್’ಗೆ ಮೂರು ಮುಖ. ಹೊರಡುವುದು ಒಂದು. ಪಟಾಕಿ ಸಿಡಿಸುವುದು, ಗಲಾಟೆಗೆ ಕಿಡಿ ಹೊತ್ತಿಸುವುದು ಎರಡು. ಮೂರನೆಯದು ಕಾಗದಪತ್ರಗಳ ಭಾಷೆಯದು, ಒಂದರ ಎದುರು ಇನ್ನೊಂದನ್ನು ಮುರಿದುಕೊಳ್ಳುವುದು. ಬ್ಯಾಡಗಿ ಮಾರುಕಟ್ಟೆಯಲ್ಲಿ ಮೆಣಸಿನಕಾಯಿ ಮಾರಿದ ರೈತನಿಗೆ ದಲಾಲರು ಮೊದಲೇ ಕೊಟ್ಟ ಮುಂಗಡ ಮುರಿದುಕೊಂಡು ಉಳಿದದ್ದನ್ನು ಕೈಗಿಡುತ್ತಾರೆ, ಅದು ಸೆಟ್ ಆಫ್. ವಿಚಾರಣೆಯ ಅವಧಿಯಲ್ಲಿ ಜೈಲಿನಲ್ಲಿ ಕಳೆದ ದಿನಗಳನ್ನು ಶಿಕ್ಷೆಯ ಅವಧಿಯಲ್ಲಿ ಮುರಿದುಕೊಳ್ಳುವುದೂ ಸೆಟ್ ಆಫ್. ಹಳೆಯ ದಂಡ ಪ್ರಕ್ರಿಯಾ ಸಂಹಿತೆಯಲ್ಲಿ ಅದು 428ನೆಯ ಕಲಂ, ಈಗಿನ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯಲ್ಲಿ 468ನೆಯದು. ಆದಾಯ ತೆರಿಗೆಯಲ್ಲಿ ಒಂದು ವ್ಯವಹಾರದ ನಷ್ಟವನ್ನು ಇನ್ನೊಂದರ ಲಾಭದಲ್ಲಿ ಮುರಿದುಕೊಳ್ಳಲು ಬಿಡುವುದೂ ಇದೇ ಹೆಸರಿನದು. ಪಿಎಸ್‌ಐ ಹುಡುಗರಿಗೆ ಮೂರನೆಯದು ಬೇಕು, ಅವರು ಸದಾ ಬರೆಯುವುದು ಎರಡನೆಯದು.

‘ಸೆಟ್‌ಬ್ಯಾಕ್’ ಬಗ್ಗೆ ಒಂದೇ ಮಾತು. ಪತ್ರಿಕೆಯ ಚುನಾವಣಾ ಸುದ್ದಿಯಲ್ಲಿ ಅದು ಹಿನ್ನಡೆ. ಪಾಲಿಕೆಯಲ್ಲಿ ಮನೆಯ ನಕ್ಷೆ ಪಾಸು ಮಾಡಿಸುವಾಗ ಅದು ಗೋಡೆಗೂ ನಿವೇಶನದ ಅಂಚಿಗೂ ನಡುವೆ ಬಿಡಬೇಕಾದ ಖಾಲಿ ಜಾಗ.

ಕೂಡ್ರಿಸುವುದು ಎಲ್ಲಿ ಕೈಕೊಡುತ್ತದೆ ಎಂಬುದನ್ನೂ ಹೇಳಬೇಕು. ಬೆಳಗ್ಗೆ ಆರ್.ಎನ್. ಶೆಟ್ಟಿ ಕ್ರೀಡಾಂಗಣಕ್ಕೆ ಹೋದರೆ ದೈಹಿಕ ಪರೀಕ್ಷೆಗೆ ಓಡುವ ನನ್ನ ಹುಡುಗರೇ ಕಾಣುತ್ತಾರೆ. ಕಡಿಮೆ ದೂರದ ಓಟದಲ್ಲಿ ಮೊದಲು ‘ಆನ್ ಯುವರ್ ಮಾರ್ಕ್ಸ್’, ಆಮೇಲೆ ‘ಸೆಟ್’, ಆಮೇಲೆ ಸದ್ದು. ಮಂಡಿಯೂರಿ ಕೂತವರು ‘ಸೆಟ್’ ಎಂದ ಕೂಡಲೇ ಸೊಂಟ ಮೇಲೆತ್ತುತ್ತಾರೆ. ಕೂಡು ಎಂದಾಗ ಏಳುವ ವಿದ್ಯಾರ್ಥಿಗಳನ್ನು ನಾನು ಅಲ್ಲಿ ಮಾತ್ರ ಕಂಡಿದ್ದೇನೆ. ಇಲ್ಲಿ ‘ಸೆಟ್’ ಗುಣವಾಚಕವಾಗಿದೆ, ಸಿದ್ಧ ಎಂದರ್ಥ. ಇಂಗ್ಲಿಷ್ ಪತ್ರಿಕೆಗಳ ತಲೆಬರಹಗಳಲ್ಲಿ ಈ ಅರ್ಥ ವಿಪರೀತ. ‘ಸೆಟ್ ಟು’ ಎಂದು ಬಂದು ಮುಂದೆ ಕ್ರಿಯಾಪದ ಇದ್ದರೆ ಕಣ್ಣು ಮುಚ್ಚಿ ಭವಿಷ್ಯತ್ತಿನ ರೂಪ ಹಾಕಿ: ದರ ಏರಲಿದೆ, ರೈಲು ಆರಂಭವಾಗಲಿದೆ. ಅಲ್ಲಿ ಯಾರೂ ಏನನ್ನೂ ಗೊತ್ತುಪಡಿಸಿಲ್ಲ.

ವಾಲಿಬಾಲ್ ಆಡುವವರಿಗೆ ಒಂದು ವಿಶೇಷ. ಅಲ್ಲಿ 25 ಅಂಕಗಳ ಒಂದು ಸುತ್ತೂ ಸೆಟ್, ಐದನೆಯದಾದರೆ 15. ಹೊಡೆಯುವವನಿಗೆ ಅನುಕೂಲವಾಗುವಂತೆ ಚೆಂಡನ್ನು ಬಲೆಯ ಮೇಲೆ ಎತ್ತಿ ಇಡುವುದೂ ಸೆಟ್, ಇಡುವವನು ಸೆಟ್ಟರ್. ಸೆಕ್ಟಾದ ಮಗ ಮತ್ತು ಸೆಟ್ಟನ್ನಿನ ಮಗ ಒಂದೇ ಅಂಗಳದಲ್ಲಿ ಆಡುತ್ತಾರೆ.

ಕೊನೆಯಲ್ಲಿ ಎರಡು ‘ಟಿ’ ಇರುವ ಇನ್ನೊಂದು ಕಾಗುಣಿತವಿದೆ, ಕೃಷಿ ಇಲಾಖೆಯ ಪರೀಕ್ಷೆ ಬರೆಯುವವರು ಮಾತ್ರ ಓದಿಕೊಳ್ಳಿ. ಕಬ್ಬು ನಾಟಿ ಮಾಡಲು ಎರಡು ಮೂರು ಕಣ್ಣುಗಳಿರುವಂತೆ ಕತ್ತರಿಸಿದ ಬೀಜದ ತುಂಡನ್ನು ಹಾಗೆ ಬರೆಯುತ್ತಾರೆ. ನೇಯ್ಗೆಯ ಪುಸ್ತಕಗಳಲ್ಲಿ ಒಂದು ಅಂಗುಲಕ್ಕೆ ಎಷ್ಟು ಹಾಸಿನ ಎಳೆ ಎಂಬ ಲೆಕ್ಕಕ್ಕೂ ಇದೇ ಪದ. ಬೆಟಗೇರಿಯ ನೇಕಾರರ ಮನೆಯಿಂದ ಬಂದವರು ಮಗ್ಗದ ಹಣಿಗೆಯನ್ನು ನೆನೆಸಿಕೊಂಡರೆ ಸಾಕು. ಬ್ಯಾಜರ್ ಎಂಬ ಪ್ರಾಣಿಯ ಬಿಲಕ್ಕೂ ಅದೇ ಹೆಸರು. ನಮ್ಮ ಕಡೆ ಆ ಪ್ರಾಣಿಯ ಕಾಟವಿಲ್ಲ, ಬಿಟ್ಟುಬಿಡಿ.

ಇನ್ನು ಅಭ್ಯಾಸ. ಸ್ಪೈರಲ್ ಪಟ್ಟಿಯನ್ನು ಸದ್ಯಕ್ಕೆ ಚೀಲದಲ್ಲೇ ಇಡಿ. ಒಂದು ನೂರು ಪುಟದ ನೋಟ್‌ಬುಕ್ಕಿನಲ್ಲಿ ಮೂರು ಅಂಕಣ ಮಾಡಿ. ಮೊದಲನೆಯದರಲ್ಲಿ ‘ಸೆಟ್’ನ ಪಕ್ಕದ ಪದ, ಅಂದರೆ ಕರ್ಮಪದ ಅಥವಾ ಬಾಲ. ಎರಡನೆಯದರಲ್ಲಿ ಕನ್ನಡದ ಕ್ರಿಯಾಪದ, ಒಂದೇ ಒಂದು. ಮೂರನೆಯದರಲ್ಲಿ ಆ ಕ್ರಿಯಾಪದ ಹಾಕಿ ನಿಮ್ಮ ಊರಿನ ಒಂದು ವಾಕ್ಯ. ಅರ್ಥ ಎಂಬ ಅಂಕಣವೇ ಬೇಡ. ಅದನ್ನು ತೆರೆದರೆ ಮತ್ತೆ ‘ಗುಂಪು’ ಬಂದು ಕೂಡುತ್ತದೆ. ಸಾಮಗ್ರಿಗೆ ಇಂಗ್ಲಿಷ್ ದಿನಪತ್ರಿಕೆ ಸಾಕು, ಹುಬ್ಬಳ್ಳಿ ಆವೃತ್ತಿಯಾದರೆ ಇನ್ನೂ ಒಳ್ಳೆಯದು, ಸುದ್ದಿ ಗೊತ್ತಿದ್ದಾಗ ಪದ ತಾನೇ ಬಾಯಿ ಬಿಡುತ್ತದೆ. ಮೊದಲ ಪುಟ, ವಾಣಿಜ್ಯ ಪುಟ, ಕ್ರೀಡಾ ಪುಟ ಮೂರನ್ನೂ ನೋಡಿ, ಏಕೆಂದರೆ ಮೂರು ಕಡೆ ಮೂರು ಬೇರೆ ಸೆಟ್‌ಗಳು ಸಿಗುತ್ತವೆ. ಒಂದು ದಿನಕ್ಕೆ ಸಿಕ್ಕಷ್ಟನ್ನೇ ಬರೆಯಿರಿ, ಹುಡುಕಿಕೊಂಡು ಹೋಗಬೇಡಿ.

ನಿಘಂಟು ನೋಡುವಾಗಲೂ ಮೊದಲ ಅರ್ಥಕ್ಕೇ ನಿಲ್ಲುವ ಚಟ ಬಿಡಬೇಕು. ಕಲಿಯುವವರಿಗಾಗಿ ಮಾಡಿದ ದೊಡ್ಡ ಇಂಗ್ಲಿಷ್ ನಿಘಂಟುಗಳಲ್ಲಿ ಉದ್ದದ ನಮೂದುಗಳೊಳಗೆ ಅಲ್ಲಲ್ಲಿ ದಪ್ಪಕ್ಷರದ ಸೂಚನಾ ಪದಗಳಿರುತ್ತವೆ: ಸೂರ್ಯ, ಗಡಿಯಾರ, ಎಲುಬು ಎಂಬಂತೆ. ನಿಮ್ಮ ವಾಕ್ಯದ ಕರ್ಮಪದವನ್ನು ಹಿಡಿದುಕೊಂಡು ಆ ಸೂಚನಾ ಪದಗಳ ಮೇಲೆ ಮಾತ್ರ ಬೆರಳಾಡಿಸಿ, ಹೊಂದಿದಲ್ಲಿ ನಿಂತು ಓದಿ. ಉಳಿದದ್ದು ಬೇರೆಯವರ ವಾಕ್ಯಗಳಿಗೆ.

ವ್ಯಾಕರಣದ ಒಂದು ಬಲೆ ಉಳಿಯಿತು. ‘ಸೆಟ್’ ವರ್ತಮಾನ, ಭೂತ, ಭೂತಕೃದಂತ ಮೂರರಲ್ಲೂ ‘ಸೆಟ್’ ಆಗಿಯೇ ಇರುತ್ತದೆ; ‘ಸೆಟ್ಟೆಡ್’ ಎಂಬುದಿಲ್ಲ. ಹಾಗಾದರೆ ಕಾಲ ತಿಳಿಯುವುದು ಹೇಗೆ? ಕರ್ತೃ ‘ಅವನು’, ‘ಅವಳು’, ‘ಸರಕಾರ’ ಆಗಿದ್ದು ಕ್ರಿಯಾಪದದ ಕೊನೆಗೆ ‘ಎಸ್’ ಇಲ್ಲದಿದ್ದರೆ ಅದು ಭೂತಕಾಲ. ‘ಸರಕಾರ ಬೆಂಬಲ ಬೆಲೆಯನ್ನು ಸೆಟ್’ ಎಂದಷ್ಟೇ ಇದ್ದರೆ ಗೊತ್ತುಪಡಿಸಿತು, ‘ಸೆಟ್ಸ್’ ಎಂದಿದ್ದರೆ ಗೊತ್ತುಪಡಿಸುತ್ತದೆ. ಕರ್ತೃ ‘ಅವರು’ ಆಗಿದ್ದಾಗ ಈ ಉಪಾಯ ನಡೆಯುವುದಿಲ್ಲ, ಆಗ ವಾಕ್ಯದಲ್ಲಿ ನಿನ್ನೆ, ಕಳೆದ ವರ್ಷ ಎಂಬ ಕಾಲಸೂಚಕ ಹುಡುಕಿ. ತಲೆಬರಹಗಳಲ್ಲಿ ಮಾತ್ರ ನಡೆದುಹೋದ ಸಂಗತಿಗೂ ‘ಸೆಟ್ಸ್’ ಎಂದೇ ಬರೆಯುತ್ತಾರೆ, ಅಲ್ಲಿ ಮೋಸಹೋಗಬೇಡಿ.

ನೋಟ್‌ಬುಕ್ಕಿನ ‘ಸೆಟ್’ ಪುಟಗಳು ತುಂಬಿ, ಹೊಸ ವಾಕ್ಯ ಬಂದಾಗಲೂ ಹಳೆಯ ಕ್ರಿಯಾಪದಗಳೇ ಸಾಕಾಗುತ್ತಿವೆ ಎನ್ನಿಸಿದಾಗ ‘ರನ್’ಗೆ ಹೋಗಿ. ಈಗ ಪರಿಷ್ಕರಣೆಯಲ್ಲಿರುವ ಆಕ್ಸ್‌ಫರ್ಡ್ ನಿಘಂಟಿನಲ್ಲಿ ಅದರ ಕ್ರಿಯಾಪದ ‘ಸೆಟ್’ ಅನ್ನೂ ಹಿಂದೆ ಹಾಕಿದೆ, 645 ಅರ್ಥಗಳು. ಅಲ್ಲಿ ಕೂಡ್ರಿಸುವುದು, ಹಚ್ಚುವುದು ಯಾವುದೂ ಕೆಲಸಕ್ಕೆ ಬರುವುದಿಲ್ಲ. ಬಸ್ಸಿಗೆ ಓಡು, ಕಾಲುವೆಗೆ ಹರಿ, ಖಾನಾವಳಿಗೆ ನಡೆಸು, ಚುನಾವಣೆಗೆ ನಿಲ್ಲು ಎಂಬ ನಾಲ್ಕನ್ನು ಮೊದಲ ಪುಟದಲ್ಲಿ ಬರೆದುಕೊಂಡು ಆರಂಭಿಸಿ. ಇಂಗ್ಲಿಷಿನವರು ಓಡುವ ಚುನಾವಣೆಗೆ ನಾವು ನಿಲ್ಲುತ್ತೇವೆ ಎಂಬುದನ್ನು ಅಲ್ಲೇ ಅಡ್ಡಗೆರೆ ಎಳೆದು ಗುರುತು ಮಾಡಿಕೊಳ್ಳಿ, ಪರೀಕ್ಷೆಯವರು ಅದನ್ನು ಕೇಳುತ್ತಾರೆ.